ಸೊನ್ನೆ ಹಾಕಿದ ಚೌಕ

“ಗುಡ್ಡದ ಮೇಲಿರೋ ಹುಡುಗರನ್ನೆಲ್ಲ ಕೆಳಗಿಳಿಸಿ. ಮುಳುಗು ತಜ್ಞರಿಗೆ ಫೋನ್ ಮಾಡಿ. ಇನ್ನು ಹುಡುಕೋದೇನಿದ್ರೂ ನೀರಲ್ಲಿ,” ಎಂದರು ಕ್ಯಾಪ್ಟನ್.

ಗೋಡೆಯ ಮೇಲಿನ ದೊಡ್ಡ ಪರದೆಯಲ್ಲಿ ನಕ್ಷೆ ಇತ್ತು. ಎಡಕ್ಕೆ ಗುಡ್ಡ, ಬಲಕ್ಕೆ ಅಣೆಕಟ್ಟೆ, ಅದರ ಹಿಂದೆ ಹರಡಿಕೊಂಡ ಹಿನ್ನೀರು. ಹಿನ್ನೀರಿನ ಒಂದು ಮೂಲೆಯಲ್ಲಿ ಹತ್ತು ಸಾವಿರ ಚುಕ್ಕೆಗಳು ಒಂದರ ಮೇಲೊಂದು ಬಿದ್ದು ಕೂತಿದ್ದವು. ಎಲ್ಲವೂ ನೀಲಿ.

ಹೊರಗೆ ವರಾಂಡದ ಬೆಂಚಿನ ಮೇಲೆ ಪುಟ್ಟಿಯ ತಾಯಿ ಕಾಯುತ್ತಿದ್ದರು. ಪುಟ್ಟಿ ಎಂದರೆ ಮಗುವೇನಲ್ಲ. ಅಣೆಕಟ್ಟೆಯ ಗೋಡೆ ಎಷ್ಟು ಬಾಗಿದೆ, ಎಲ್ಲಿ ಜಿನುಗುತ್ತಿದೆ ಎಂದು ಅಳೆಯುವ ಇಂಜಿನಿಯರ್. ಮೊನ್ನೆ ಬೆಳಿಗ್ಗೆ ಹಳದಿ ಜಾಕೆಟ್ ತೊಟ್ಟು, ಕೊರಳಿಗೆ ಸೀಟಿ ಕಟ್ಟಿಕೊಂಡು ಕೆಲಸಕ್ಕೆ ಹೋದವಳು ವಾಪಸ್ಸು ಬಂದಿಲ್ಲ.

ಗುಡ್ಡದಲ್ಲಿ ಎಲ್ಲಾದರೂ ಕಾಲು ಮುರಿದುಕೊಂಡು ಬಿದ್ದಿದ್ದರೆ ಇವತ್ತಿನವರೆಗೆ ಜೀವ ಇರಬಹುದು, ಇನ್ನೊಂದು ರಾತ್ರಿಯ ಚಳಿ ತಡೆಯುವುದು ಕಷ್ಟ ಎಂದು ಡಾಕ್ಟರು ಹೇಳಿದ್ದರು. ನೀರಿಗೆ ಬಿದ್ದಿದ್ದರೆ ಅವಸರವೇ ಇಲ್ಲ. ಕ್ಯಾಪ್ಟನ್ ಹೇಳಿದ ಮಾತನ್ನು ಬಿಡಿಸಿ ಹೇಳಿದರೆ ಇಷ್ಟೇ: ಪುಟ್ಟಿ ಸತ್ತಿದ್ದಾಳೆಂದು ಇಲಾಖೆ ಒಪ್ಪಿಕೊಂಡಿತು.

“ಸ್ವಲ್ಪ ತಡೀರಿ ಕ್ಯಾಪ್ಟನ್,” ಎಂದರು ನನ್ನ ಅತ್ತಿಗೆ.

ಕಾಣೆಯಾದವರನ್ನು ಹುಡುಕುವ ಈ ಇಲಾಖೆಯಲ್ಲಿ ಲೆಕ್ಕದ ಕೋಣೆ ಅತ್ತಿಗೆಯದು. ಮನೆಯಲ್ಲಿ ಕನ್ನಡಕವನ್ನು ತಲೆಯ ಮೇಲೇ ಇಟ್ಟುಕೊಂಡು ಮಂಚದಡಿ ಹುಡುಕುವ ಹೆಂಗಸು. ಇಲ್ಲಿ ಕೂತರೆ ಮಾತ್ರ ಕಾಡಿನಲ್ಲಿ ಕಳೆದುಹೋದವರು ಕೂಡ ಅವರ ಕಣ್ಣು ತಪ್ಪಿಸಲಾರರು. ಮದುವೆಯಾಗಿ ಬಂದ ಹೊಸದರಲ್ಲಿ ನನ್ನನ್ನೂ ಅಣ್ಣನನ್ನೂ ಅಕ್ಕಪಕ್ಕ ನಿಲ್ಲಿಸಿ, “ಅಯ್ಯೋ, ಮುಖ ಎರಡೂ ಒಂದೇ ಅಚ್ಚು,” ಎಂದು ನಕ್ಕಿದ್ದರು. ಅಂದಿನಿಂದ ನನಗೆ ಅವರ ಮೇಲೆ ಸ್ವಲ್ಪ ಕೋಪ, ಬಹಳ ಅಭಿಮಾನ.

ಕ್ಯಾಪ್ಟನ್ ಎಂದರೆ ಸೈನ್ಯದ ಕ್ಯಾಪ್ಟನ್ ಅಲ್ಲ. ಹಿಂದೊಮ್ಮೆ ಇಲಾಖೆಯ ವಾಲಿಬಾಲ್ ತಂಡ ಆಡಿಸಿದ್ದರು, ಹೆಸರು ಅಂಟಿಕೊಂಡಿತು.

“ಇನ್ನೇನಮ್ಮ ತಡೆಯೋದು?” ಎಂದರು ಅವರು. “ನಿಮ್ಮ ಹತ್ತು ಸಾವಿರ ಚುಕ್ಕೆನೂ ಒಂದೇ ಕಡೆ ಕೈ ತೋರಿಸ್ತಿವೆ. ಇಷ್ಟು ಒಮ್ಮತ ನಮ್ಮ ಆಫೀಸಲ್ಲಿ ಟೀ ಯಾವ ಹೊತ್ತಿಗೆ ಅನ್ನೋದಕ್ಕೂ ಬಂದಿಲ್ಲ.”

“ನನಗೆ ಅನುಮಾನ ಬಂದಿರೋದೇ ಅದಕ್ಕೆ.” ಅತ್ತಿಗೆ ಕುರ್ಚಿ ತಿರುಗಿಸಿ ನನ್ನತ್ತ ನೋಡಿದರು. “ನೀನು ಹೇಳಪ್ಪ ಪತ್ತೇದಾರ. ಹತ್ತು ಜನ ಸಾಕ್ಷಿ ಬಂದು ಒಂದೇ ಮಾತನ್ನ ಒಂದಕ್ಷರ ಬಿಡದೆ ಹೇಳಿದ್ರೆ ಏನಂತೀಯ?”

“ಯಾರೋ ಕೂರಿಸಿಕೊಂಡು ಬಾಯಿಪಾಠ ಮಾಡಿಸಿದಾರೆ ಅಂತೀನಿ.”

“ಇಲ್ಲೂ ಅದೇ ಆಗಿದೆ.”

ಅತ್ತಿಗೆಯ ಲೆಕ್ಕ ನನಗೆ ಅರ್ಥವಾದ ಮಟ್ಟಿಗೆ ಹೇಳುತ್ತೇನೆ. ಪರದೆಯ ಮೇಲಿನ ಒಂದೊಂದು ಚುಕ್ಕೆಯೂ ಒಬ್ಬ ಪುಟ್ಟಿ. ಅಣೆಕಟ್ಟೆಯ ಗೇಟಿನಿಂದ ಹತ್ತು ಸಾವಿರ ಪುಟ್ಟಿಯರನ್ನು ಅವರು ನಕ್ಷೆಯೊಳಕ್ಕೆ ಬಿಟ್ಟಿದ್ದಾರೆ. ಒಬ್ಬೊಬ್ಬಳಿಗೆ ಒಂದೊಂದು ಬುದ್ಧಿ. ಒಬ್ಬಳು ಕಾಲುದಾರಿ ಬಿಡುವುದಿಲ್ಲ, ಇನ್ನೊಬ್ಬಳು ಪೊದೆ ಸೀಳಿಕೊಂಡು ಹೋಗುತ್ತಾಳೆ, ಮತ್ತೊಬ್ಬಳು ದಣಿದರೆ ಇಳಿಜಾರು ಹಿಡಿಯುತ್ತಾಳೆ. ಒಂದು ಸುಳಿವು ಬಂದಾಗಲೆಲ್ಲ ಯಂತ್ರ ಎಲ್ಲರನ್ನೂ ಕೇಳುತ್ತದೆ: ಇದು ನಿನಗೆ ಹೊಂದುತ್ತದೆಯೇ? ಹೊಂದದವಳು ಅಳಿಸಿಹೋಗುತ್ತಾಳೆ, ಹೊಂದಿದವಳಿಗೆ ಆ ಜಾಗದಲ್ಲಿ ಅವಳಿ ಹುಟ್ಟುತ್ತಾಳೆ. ಒಟ್ಟು ಹತ್ತು ಸಾವಿರ ಹಾಗೇ ಉಳಿಯುತ್ತದೆ.

ಮೊದಲ ಸಲ ಇದನ್ನು ಕಂಡ ದಿನ ನಾನು ಪರದೆಯ ಮುಂದಿನಿಂದ ಏಳಲೇ ಇಲ್ಲ. ಯಾರದೋ ಮಗಳೊಬ್ಬಳು ಕಾಣೆಯಾದರೆ ಅವಳು ಹೋಗಿರಬಹುದಾದ ದಾರಿಯನ್ನೆಲ್ಲ ಅವಳಾಗಿಯೇ ನಡೆದು ನೋಡುವ ಲೆಕ್ಕವದು. ನಾನು ಈ ಕೆಲಸಕ್ಕೆ ಸೇರಿ ತಲೆ ನರೆತಿದೆ. ಇಷ್ಟು ಮುತುವರ್ಜಿಯಿಂದ ಯಾರೂ ಯಾರನ್ನೂ ಹುಡುಕಿದ್ದು ನಾನು ಕಂಡಿಲ್ಲ.

“ಶುರುವಿನಲ್ಲಿ ಒಬ್ಬೊಬ್ಬ ಪುಟ್ಟಿಗೂ ಒಂದೊಂದು ಬಣ್ಣ ಕೊಟ್ಟಿದ್ದೆ,” ಎಂದರು ಅತ್ತಿಗೆ. “ಅವಳಿಗೆ ಹುಟ್ಟಿದೋರಿಗೂ ಅದೇ ಬಣ್ಣ. ಮೊನ್ನೆ ಸಾಯಂಕಾಲ ಈ ಪರದೆ ಹೇಗಿತ್ತು?”

“ಬಟ್ಟೆ ಅಂಗಡಿ ಥರ ಇತ್ತು.”

“ಈಗ?”

“ಬರೀ ನೀಲಿ.”

“ಅಂದ್ರೆ ಉಳಿದಿರೋದು ಒಬ್ಬಳ ವಂಶ. ಹತ್ತು ಸಾವಿರ ಜನ ಒಪ್ಪಿಲ್ಲ ಕ್ಯಾಪ್ಟನ್. ಒಬ್ಬಳೇ ಹತ್ತು ಸಾವಿರ ಸಲ ಮಾತಾಡ್ತಿದಾಳೆ.”

ಕ್ಯಾಪ್ಟನ್ ಕೈಲಿದ್ದ ಫೋನನ್ನು ಮೇಜಿನ ಮೇಲಿಟ್ಟರು. ಒಳ್ಳೆಯ ಮನುಷ್ಯ, ಒಳ್ಳೆಯ ಮಾತು ಕೇಳಿದರೆ ಕಿವಿ ಕೊಡುತ್ತಾರೆ.

“ಯಾವುದೋ ಒಂದು ಸುಳಿವು ಉಳಿದೋರನ್ನೆಲ್ಲ ಒಂದೇ ಏಟಿಗೆ ತೆಗೆದುಹಾಕಿದೆ,” ಎಂದು ಅತ್ತಿಗೆ ಕೀಲಿಮಣೆ ಹತ್ತಿರಕ್ಕೆ ಎಳೆದುಕೊಂಡರು. “ಯಾವುದು ಅಂತ ನೋಡೋಣ. ಒಂದೊಂದೇ ಸುಳಿವನ್ನ ಪಕ್ಕಕ್ಕಿಟ್ಟು ಮತ್ತೆ ಓಡಿಸ್ತೀನಿ. ಸದ್ಯಕ್ಕೆ ಕೆಲವೇ ಜನ ಸಾಕು.”

ಕಾಲುದಾರಿಯಲ್ಲಿ ಸಿಕ್ಕಿದ ನೀರಿನ ಬಾಟಲಿಯನ್ನು ತೆಗೆದರು. ಚುಕ್ಕೆಗಳು ನೀರಲ್ಲೇ ಉಳಿದವು. ಮೊಬೈಲ್ ಟವರಿಗೆ ಸಿಕ್ಕಿದ ಕೊನೆಯ ಸಿಗ್ನಲ್ ತೆಗೆದರು. ಆಗಲೂ ನೀರೇ.

ಉಳಿದದ್ದು ದೋಣಿಯವನ ಹೇಳಿಕೆ. ಮೊನ್ನೆ ನಾಲ್ಕು ಗಂಟೆಗೆ ಹಳದಿ ಜಾಕೆಟ್ಟಿನ ಹುಡುಗಿ ಹಿನ್ನೀರಿನ ಅಂಚಿನಲ್ಲಿ ನಡೆದು ಹೋಗುವುದನ್ನು ಅವನು ಕಣ್ಣಾರೆ ಕಂಡಿದ್ದ. ಅದನ್ನು ತೆಗೆದದ್ದೇ ತಡ, ಚುಕ್ಕೆಗಳು ನೀರು ಬಿಟ್ಟು ಗುಡ್ಡ ಹತ್ತಿದವು. ಕೆಂಪು, ಹಸಿರು, ನೇರಳೆ, ಎಲ್ಲ ಬಣ್ಣದವೂ.

“ಹಾಗಾದ್ರೆ ದೋಣಿಯವನು ಸುಳ್ಳು ಹೇಳಿದಾನೆ ಅಂತೀರಾ?” ಎಂದರು ಕ್ಯಾಪ್ಟನ್.

“ನಾನು ಹಾಗನ್ನಲ್ಲ. ಅವನೊಬ್ಬ ಒಂದು ಕಡೆ, ಉಳಿದದ್ದೆಲ್ಲ ಇನ್ನೊಂದು ಕಡೆ ಅಂತಷ್ಟೇ ನನ್ನ ಲೆಕ್ಕ ಹೇಳುತ್ತೆ. ಸುಳ್ಳೋ ನಿಜವೋ ನೋಡೋದು ಇವನ ಕೆಲಸ.” ನನ್ನ ಕಡೆ ಗದ್ದ ಎತ್ತಿದರು. “ಅಷ್ಟರಲ್ಲಿ ನಾನು ಪೂರ್ತಿ ಹತ್ತು ಸಾವಿರ ಜನರನ್ನ ಓಡಿಸಿರ್ತೀನಿ.”

ಇದೇ ನನಗೆ ಅತ್ತಿಗೆಯಲ್ಲಿ ಹಿಡಿಸುವ ಗುಣ. ತಮಗೆ ಗೊತ್ತಿದ್ದಷ್ಟನ್ನೇ ಹೇಳುತ್ತಾರೆ, ಒಂದು ಎಳೆ ಹೆಚ್ಚಿಲ್ಲ. ನಮ್ಮ ಇಲಾಖೆಯಲ್ಲಿ ಆ ಅಭ್ಯಾಸ ಇನ್ಯಾರಿಗೂ ಇಲ್ಲ, ನನ್ನನ್ನೂ ಸೇರಿಸಿ.

“ಸೂರ್ಯ ಮುಳುಗೋವರೆಗೆ ಟೈಮ್ ಕೊಡ್ತೀನಿ,” ಎಂದರು ಕ್ಯಾಪ್ಟನ್. “ಆಮೇಲೆ ಹುಡುಗರನ್ನ ಇಳಿಸಲೇಬೇಕು. ಕತ್ತಲಲ್ಲಿ ಇನ್ನೊಬ್ಬ ಬಿದ್ದರೆ ಜವಾಬು ಹೇಳೋನು ನಾನು. ನಿಮ್ಮ ಯಜಮಾನರು ಈಗ ಇಲ್ಲಿದ್ದಿದ್ರೆ ಅವರೂ ಇದನ್ನೇ ಹೇಳ್ತಿದ್ರು.”

ಅತ್ತಿಗೆಯ ಪಕ್ಕದ ಕುರ್ಚಿ ಖಾಲಿಯಿತ್ತು. ಗುಡ್ಡದ ಹುಡುಕಾಟ ಪೂರಾ ನನ್ನ ಅಣ್ಣನ ಉಸ್ತುವಾರಿ. ಯಾವ ಚೌಕ ಹುಡುಕಿದ್ದಾಯಿತು, ಅಲ್ಲಿ ಏನು ಸಿಕ್ಕಿತು ಎಂಬುದನ್ನು ಈ ಲೆಕ್ಕಕ್ಕೆ ತುಂಬುವವನೂ ಅವನೇ. ಅತ್ತಿಗೆಗೆ ಈ ವಿದ್ಯೆ ಹೇಳಿಕೊಟ್ಟವನೂ ಅವನೇ. ಪಾಠ ಹೇಳುತ್ತ ಹೇಳುತ್ತ ಮದುವೆಯಾದರು. ಅಣ್ಣ ಎರಡು ದಿನ ಕಣ್ಣು ಮುಚ್ಚದೆ ದುಡಿದು, ತಲೆ ಸಿಡಿಯುತ್ತಿದೆ ಎಂದು ಮಧ್ಯಾಹ್ನ ಮನೆಗೆ ಹೋಗಿದ್ದ.

ವರಾಂಡದಲ್ಲಿ ಪುಟ್ಟಿಯ ತಾಯಿ ಎದ್ದು ನಿಂತರು. ಏನಾಯಿತೆಂದು ಕೇಳಲಿಲ್ಲ.

“ಅವಳು ಸೀಟಿ ಊದ್ತಿರ್ತಾಳೆ ಸಾರ್,” ಎಂದರು. “ಚಿಕ್ಕೋಳಿದ್ದಾಗ ಒಂದು ಸಲ ಸಂತೇಲಿ ತಪ್ಪಿಸಿಕೊಂಡಿದ್ಲು. ಆವಾಗ ನಾನೇ ಕಲಿಸಿದ್ದು. ಕೂಗಬೇಡ, ಗಂಟಲು ಕಟ್ಟುತ್ತೆ, ಊದು ಅಂತ. ಎರಡು ಸಲ ಚಿಕ್ಕದಾಗಿ, ಒಂದು ಸಲ ಉದ್ದಕ್ಕೆ. ನಿಮ್ಮ ಹುಡುಗರಿಗೆ ಹೇಳಿ.”

ಹೇಳುತ್ತೇನಮ್ಮ ಎಂದೆ. ಅವರ ಮುಖ ನೋಡಲು ಧೈರ್ಯ ಸಾಲದೆ ಮೆಟ್ಟಿಲಿಳಿದೆ.

ದೋಣಿಯವನ ಶೆಡ್ಡು ಹಿನ್ನೀರಿನ ದಂಡೆಗೇ ಇತ್ತು. ಒಳಗೆ ಹುಟ್ಟುಗಳು, ಹಗ್ಗ, ಟಾರಿನ ವಾಸನೆ. ಅವನು ಮಗುಚಿಟ್ಟ ದೋಣಿಯ ತಳ ಕೆರೆಯುತ್ತಿದ್ದ. ನನ್ನನ್ನು ಕಂಡು ಉಳಿ ಕೆಳಗಿಟ್ಟ.

“ಮತ್ತೆ ಬಂದ್ರಾ ಸಾರ್? ಹೇಳೋದೆಲ್ಲ ನಿನ್ನೆನೇ ಹೇಳಿದೆನಲ್ಲ.”

“ನಾನು ಮೊದಲನೇ ಸಲ ಬರ್ತಿರೋದು.”

ಅವನು ನನ್ನ ಮುಖವನ್ನು ಒಮ್ಮೆ ನೋಡಿ ತಲೆ ಕೆರೆದುಕೊಂಡ. “ಹೌದಾ? ಏನೋಪ್ಪ, ಪೊಲೀಸ್ನೋರೆಲ್ಲ ಒಂದೇ ಥರ ಕಾಣ್ತೀರಿ.”

“ಹುಡುಗೀನ ಎಲ್ಲಿ ನಿಂತು ನೋಡಿದೆ?”

“ಇಲ್ಲೇ, ಈ ಕಿಟಕೀಲಿ. ನಾಲ್ಕು ಗಂಟೆ. ಅಲ್ಲಿ ಅಂಚಲ್ಲಿ ಹೋದ್ಲು. ಹಳದಿ ಜಾಕೆಟ್ಟು.”

ನಾನೂ ಕಿಟಕಿಗೆ ಹೋಗಿ ನಿಂತೆ. ಈಗಲೂ ನಾಲ್ಕರ ಹೊತ್ತೇ. ಬಿಸಿಲು ನೀರಿನ ಮೇಲೆ ಬಿದ್ದು ನೆಟ್ಟಗೆ ಕಣ್ಣಿಗೆ ಹೊಡೆಯುತ್ತಿತ್ತು. ಕೈ ಅಡ್ಡ ಹಿಡಿದೆ, ಕಣ್ಣು ಕಿರಿದು ಮಾಡಿದೆ. ದಂಡೆಯ ಮೇಲೆ ನನ್ನ ಕಾನ್‌ಸ್ಟೇಬಲ್ ಜೀಪಿನ ಪಕ್ಕ ನಿಂತಿದ್ದಾನೆಂದು ಗೊತ್ತಿತ್ತು, ಆದರೆ ಕಾಣಿಸಿದ್ದು ಒಂದು ಕಪ್ಪು ಕಡ್ಡಿ ಮಾತ್ರ.

“ಬಾ ಇಲ್ಲಿ,” ಎಂದೆ. “ಅಲ್ಲಿ ನಿಂತಿರೋನ ಅಂಗಿ ಯಾವ ಬಣ್ಣ?”

ಬಂದು ನಿಂತ. ಕಣ್ಣು ಪಿಳಿಪಿಳಿ ಮಾಡಿದ.

“ಖಾಕಿ,” ಎಂದ ಕೊನೆಗೆ.

“ಪೊಲೀಸಿನವನು ಅಂತ ಖಾಕಿ ಅಂದೆ. ಇವತ್ತು ಅವನು ಬಿಳಿ ಅಂಗಿ ಹಾಕಿದಾನೆ. ನಿನ್ನ ಮಾತು ನಂಬಿ ಅಲ್ಲಿ ಹುಡುಕಾಟ ನಿಲ್ಲಿಸ್ತಿದಾರೆ ಕಣಯ್ಯ. ಆ ಹುಡುಗಿ ಗುಡ್ಡದಲ್ಲೆಲ್ಲೋ ಬಿದ್ದಿದ್ರೆ ನಾಳೆ ಬೆಳಗ್ಗೆ ಹೆಣ ಸಿಗುತ್ತೆ. ಈಗ ಹೇಳು, ನೀನು ನೋಡಿದ್ದು ಏನು?”

ಅವನು ದೋಣಿಯ ಮೇಲೆ ಕುಸಿದು ಕೂತ.

“ಒಂದು ಆಕಾರ ಹೋಯ್ತು ಸಾರ್, ಅಷ್ಟೇ. ಗಂಡಸೋ ಹೆಂಗಸೋ ಅದೂ ತಿಳಿಯಲಿಲ್ಲ. ಹಳದಿ ಜಾಕೆಟ್ ಅಂದಿದ್ದು ಅವರು.”

“ಯಾರು?”

“ನಿಮ್ಮ ಹುಡುಕೋ ಆಫೀಸಿನೋರು. ಟೋಪಿ ಹಾಕಿದ್ರು. ‘ನಾಲ್ಕು ಗಂಟೆ ಅಲ್ವಾ? ಹಳದಿ ಜಾಕೆಟ್ ಅಲ್ವಾ? ಹುಡುಗೀನೇ ಅಲ್ವಾ?’ ಅಂತ ಕೇಳ್ತಾ ಹೋದ್ರು. ನಾನು ಹೌದು ಹೌದು ಅಂತ ಬಂದೆ. ಅಷ್ಟು ದೊಡ್ಡೋರು ಕೇಳುವಾಗ ಇಲ್ಲ ಅನ್ನೋಕೆ ಬಾಯಿ ಬರಲಿಲ್ಲ. ನನ್ನಿಂದ ಉಪಕಾರ ಆಗುತ್ತೆ ಅಂದ್ಕೊಂಡೆ ಸಾರ್, ದೇವರಾಣೆ.”

“ನೋಡೋಕೆ ಹೇಗಿದ್ರು?”

ಅವನು ತಲೆಯೆತ್ತಿ ನನ್ನನ್ನು ನೋಡಿದ. ಮೊದಲಿಗಿಂತ ಹೆಚ್ಚು ಹೊತ್ತು ನೋಡಿದ. ಎಂಜಲು ನುಂಗಿ, “ಸರಿಯಾಗಿ ಜ್ಞಾಪಕ ಇಲ್ಲ ಸಾರ್,” ಎಂದ.

ಹೆದರಿದ್ದಾನೆ ಎಂದುಕೊಂಡೆ. ಅವನನ್ನು ಬಯ್ಯುವಷ್ಟು ಸಿಟ್ಟು ಬಂದಿತ್ತು, ಬಯ್ಯಲು ಪುರುಸೊತ್ತಿರಲಿಲ್ಲ. ಹೇಳಿಕೊಟ್ಟ ಒಂದು ‘ಹೌದು’ ಎಷ್ಟು ಸಾವಿರ ಪುಟ್ಟಿಯರನ್ನು ಅಳಿಸಿತ್ತು ಎಂಬುದು ಪಾಪ ಅವನಿಗೇನು ಗೊತ್ತು. ಜೀಪಿನಲ್ಲಿ ಕೂರುತ್ತಲೇ ಫೋನಿನಲ್ಲಿ ಅತ್ತಿಗೆಗೆ ಹೇಳಿದೆ. “ತೆಗೆದುಹಾಕು ಅಂತೀಯಾ? ತೆಗೆದಾಗಿದೆ. ನೀನು ಬೇಗ ಬಾ,” ಎಂದರು. ಅವರ ದನಿ ಯಾಕೋ ಸರಿಯಿರಲಿಲ್ಲ.

ಲೆಕ್ಕದ ಕೋಣೆಯ ಪರದೆಯ ಮೇಲೆ ಎಲ್ಲ ಬಣ್ಣದ ಹತ್ತು ಸಾವಿರ ಪುಟ್ಟಿಯರೂ ಗುಡ್ಡದ ಹಿಂಬದಿಗೆ ಬಂದು ಸೇರಿದ್ದರು. ಬೇರೆ ಬೇರೆ ದಾರಿಯಿಂದ ಬಂದು ಒಂದೇ ಕಡೆ ನಿಂತಿದ್ದಾರೆ. ಈಗ ಇದನ್ನು ಒಮ್ಮತ ಎನ್ನಬಹುದು. ಆದರೆ ನಿಂತ ರೀತಿ ವಿಚಿತ್ರವಾಗಿತ್ತು. ಬಾವಿಗೆ ಏನೋ ಬಿದ್ದಾಗ ಜನ ಸುತ್ತ ಕಟ್ಟೆಗೆ ಒರಗಿ ನಿಲ್ಲುವ ಹಾಗೆ ಒಂದು ಜಾಗದ ಸುತ್ತ ಒತ್ತಿಕೊಂಡು ನಿಂತಿದ್ದರು. ಒಳಗೆ ಒಬ್ಬಳೂ ಇರಲಿಲ್ಲ.

“ಮಧ್ಯದಲ್ಲಿ ಯಾಕೆ ಖಾಲಿ ಅತ್ತಿಗೆ?”

“ಖಾಲಿ ಇರೋ ಜಾಗದ ಆಕಾರ ನೋಡು.”

ನಾಲ್ಕು ಕಡೆಗೂ ಅಡಿಪಟ್ಟಿ ಹಿಡಿದು ಗೆರೆ ಎಳೆದಂತಿತ್ತು. ಚೌಕ.

“ಗುಡ್ಡದಲ್ಲಿ ಇಷ್ಟು ನೆಟ್ಟಗೆ ಯಾವುದೂ ಇರಲ್ಲ,” ಎಂದರು ಅತ್ತಿಗೆ. “ಇದು ಮನುಷ್ಯರು ಹಾಕಿದ ಗೆರೆ. ನಮ್ಮ ನಕ್ಷೆಯ ಒಂದು ಹುಡುಕಾಟದ ಚೌಕ.”

ಕ್ಯಾಪ್ಟನ್ ಕನ್ನಡಕ ಏರಿಸಿ ಹತ್ತಿರ ಹೋದರು. “ಹಳೇ ಕಲ್ಲು ಕ್ವಾರಿ. ಅದನ್ನ ಮೊದಲ ದಿನವೇ ನೋಡಿಯಾಗಿದೆ. ಯಾರೂ ಇಲ್ಲ ಅಂತ ಬಂತಲ್ಲ.”

ಆ ಕ್ವಾರಿ ನನಗೆ ಗೊತ್ತಿತ್ತು. ಕಲ್ಲು ತೆಗೆಯುವುದು ನಿಂತ ಮೇಲೆ ಯಾರೂ ಹೋಗದ ಜಾಗ. ಹುಡುಗರಾಗಿದ್ದಾಗ ನಾನೂ ಅಣ್ಣನೂ ಅಲ್ಲಿಗೆ ಕೂಗಲಿಕ್ಕೆಂದೇ ಹೋಗುತ್ತಿದ್ದೆವು. ಎದುರಿನ ಬಂಡೆಗೆ ಬಡಿದು ನಮ್ಮ ಮಾತು ನಮಗೇ ಎರಡನೇ ಸಲ ಕೇಳಿಸುತ್ತಿತ್ತು.

“ನೋಡಿಯಾಯ್ತು ಅಂದ ಮಾತ್ರಕ್ಕೆ ಇಲ್ಲ ಅಂತಲ್ಲ ಕ್ಯಾಪ್ಟನ್,” ಎಂದರು ಅತ್ತಿಗೆ. “ನಾನು ದಿನಾ ಕನ್ನಡಕ ಹುಡುಕ್ತೀನಿ. ಸಿಗೋದು ನೋಡಿದ ಜಾಗದಲ್ಲೇ. ಅದಕ್ಕೇ ಹುಡುಕಿ ಸಿಗದೆ ಹೋದ ಚೌಕಕ್ಕೆ ನಾವು ಸಾಧ್ಯತೆ ಕಮ್ಮಿ ಮಾಡ್ತೀವಿ, ಪೂರ್ತಿ ತೆಗೆಯಲ್ಲ. ಒಂದು ಚೂರು ಬಿಟ್ಟಿರ್ತೀವಿ. ಆ ಚೂರು ಇದ್ರೆ ಮುಂದೆ ಬರೋ ಸುಳಿವು ಅದನ್ನ ಬೆಳೆಸಬಹುದು. ಇಲ್ಲಿ ಚೂರೂ ಇಲ್ಲ. ಯಾರೋ ಸೊನ್ನೆ ಹಾಕಿದಾರೆ.”

“ಸೊನ್ನೆ ಹಾಕಿದ್ರೆ ಏನಾಗುತ್ತೆ?” ಎಂದೆ.

“ಸೊನ್ನೇನ ಎಷ್ಟರಿಂದ ಗುಣಿಸಿದ್ರೂ ಸೊನ್ನೆ. ಅಲ್ಲಿಗೆ ಯಾವ ಪುಟ್ಟಿನೂ ಕಾಲಿಡೋ ಹಾಗಿಲ್ಲ. ನಿಜವಾದ ಪುಟ್ಟಿ ಆ ಚೌಕದಲ್ಲಿ ನಿಂತು ಪ್ರಾಣ ಹೋಗೋ ಹಾಗೆ ಕೂಗಿದ್ರೂ ನನ್ನ ಲೆಕ್ಕಕ್ಕೆ ಕೇಳಿಸಲ್ಲ.”

ಅವರು ಸೊನ್ನೆ ಅಳಿಸಿ, ಅದರ ಜಾಗದಲ್ಲಿ ತೀರಾ ಸಣ್ಣದೊಂದು ಸಂಖ್ಯೆ ಬರೆದರು. ಮತ್ತೆ ಓಡಿಸಿದರು. ಸುಳಿವುಗಳು ಒಂದೊಂದಾಗಿ ಬಂದವು: ಬಾಟಲಿ, ಸಿಗ್ನಲ್, ಉಳಿದ ಚೌಕಗಳಲ್ಲಿ ಏನೂ ಸಿಗದಿದ್ದುದು. ಕಟ್ಟೆಯ ಸುತ್ತ ನಿಂತಿದ್ದವರು ಒಬ್ಬೊಬ್ಬರಾಗಿ ಒಳಕ್ಕೆ ಇಳಿದರು. ನೋಡನೋಡುತ್ತಿದ್ದಂತೆ ಚೌಕ ತುಂಬಿತು.

ಸುಳ್ಳು ಸಾಕ್ಷಿ, ಮುಚ್ಚಿದ ಬಾಗಿಲು ಎರಡನ್ನೂ ದಾಟಿಕೊಂಡು ಆ ಲೆಕ್ಕ ತನ್ನ ಹುಡುಗಿಯ ಹತ್ತಿರ ಬಂದು ನಿಂತಿತ್ತು. ಅದನ್ನು ಹಾಗೆ ನಡೆಸಿಕೊಂಡು ಬಂದ ಹೆಂಗಸಿನ ಕಾಲಿಗೆ ಬೀಳೋಣವೆನ್ನಿಸಿತು, ಅತ್ತಿಗೆಗೆ ಹೇಳಿದರೆ ನಗುತ್ತಿದ್ದರು ಅಷ್ಟೇ. ಆದರೆ ಈಗ ಅವರು ನಗುವ ಸ್ಥಿತಿಯಲ್ಲಿರಲಿಲ್ಲ.

ಕ್ಯಾಪ್ಟನ್ ವಾಕಿಟಾಕಿ ಹಿಡಿದು ಕೂಗತೊಡಗಿದ್ದರು. ಹುಡುಗರು ಗುಡ್ಡದ ಈ ಬದಿಯಲ್ಲಿದ್ದರು. ಕ್ವಾರಿ ತಲುಪುವಷ್ಟರಲ್ಲಿ ಕತ್ತಲಾಗುತ್ತದೆ ಎಂದು ಉತ್ತರ ಬಂತು. ಆದರೂ ಹೊರಡಿ ಎಂದರು.

“ಮೊದಲ ದಿನ ಆ ಚೌಕ ಹುಡುಕಿದ್ದು ಯಾರು?” ಎಂದು ಕೇಳಿದೆ.

ಕ್ಯಾಪ್ಟನ್ ಅತ್ತಿಗೆಯನ್ನು ನೋಡಿದರು, ಆಮೇಲೆ ನನ್ನನ್ನು. “ನಿಮ್ಮಣ್ಣ. ಕ್ವಾರಿ ನಾನು ನೋಡ್ಕೋತೀನಿ, ಹುಡುಗರನ್ನ ಆ ಕಡೆ ಕಳಿಸಬೇಡಿ ಅಂದ್ರು. ಒಬ್ಬರೇ ಹೋಗಿ ಬಂದ್ರು.” ಸ್ವಲ್ಪ ತಡೆದು, “ಸುಸ್ತಾಗಿತ್ತು ಪಾಪ. ಸೊನ್ನೆ ಕೈತಪ್ಪಿ ಬಿದ್ದಿರಬೇಕು,” ಎಂದರು.

ಅತ್ತಿಗೆಯ ಪರದೆಯ ಚೌಕಟ್ಟಿಗೆ ಮಾಸಿದ ಚೀಟಿಯೊಂದು ಅಂಟಿತ್ತು. ನಾನು ಆ ಕೋಣೆಗೆ ಬರಲು ಶುರುಮಾಡಿದಾಗಿನಿಂದ ಅಲ್ಲೇ ಇದೆ. ‘ಏನಾದರೂ ಹಾಕು, ಸೊನ್ನೆ ಮಾತ್ರ ಹಾಕಬೇಡ.’ ಅಣ್ಣನ ಕೈಬರಹ.

“ಕೈತಪ್ಪೋ ಮನುಷ್ಯ ಅಲ್ಲ ಅವರು,” ಎಂದರು ಅತ್ತಿಗೆ, ಬಹಳ ಮೆಲ್ಲಗೆ. “ನನಗೆ ಮೊದಲನೇ ಪಾಠ ಹೇಳಿಕೊಟ್ಟಿದ್ದೇ ಇದು.”

ಆಗ ನನಗೆ ದೋಣಿಯವನ ಮಾತು ನೆನಪಾಯಿತು. ಮತ್ತೆ ಬಂದ್ರಾ ಸಾರ್? ಹೆದರಿ ಅವನು ನನ್ನನ್ನು ಹಾಗೆ ನೋಡಿದ್ದಲ್ಲ. ಮುಖ ಎರಡೂ ಒಂದೇ ಅಚ್ಚು.

ಅಣ್ಣನ ನಂಬರ್ ಒತ್ತಿದೆ. ಅತ್ತಿಗೆಗೂ ಕೇಳಿಸಲೆಂದು ಸ್ಪೀಕರ್ ಹಾಕಿ ಮೇಜಿನ ಮೇಲಿಟ್ಟೆ. ಬಹಳ ಹೊತ್ತು ರಿಂಗಾಯಿತು.

“ಹೇಳೋ,” ಎಂದ ಅಣ್ಣ.

“ಎಲ್ಲಿದೀಯಣ್ಣ?”

“ಮನೇಲಿ ಮಲಗಿದೀನಪ್ಪ. ತಲೆನೋವು.”

ಒಂದು ಕ್ಷಣ ಬಿಟ್ಟು, ದೂರದಿಂದ, ಅವನದೇ ದನಿಯಲ್ಲಿ ಆ ಮಾತು ಇನ್ನೊಮ್ಮೆ ಬಂತು. ತಲೆನೋವು.

ಅತ್ತಿಗೆ ಮೇಜಿನ ಅಂಚನ್ನು ಬಿಗಿಯಾಗಿ ಹಿಡಿದುಕೊಂಡರು.

ಅಷ್ಟರಲ್ಲಿ ಅವನ ಹಿಂದೆ ಎಲ್ಲೋ ಸೀಟಿ ಕೇಳಿಸಿತು. ಉಸಿರು ಸಾಲದೆ ಊದಿದ ಸೀಟಿ. ಎರಡು ಸಲ ಚಿಕ್ಕದಾಗಿ, ಒಂದು ಸಲ ಉದ್ದಕ್ಕೆ. ಬಂಡೆಗೆ ಬಡಿದು ಇನ್ನೊಮ್ಮೆ ಹಾಗೆಯೇ.

ಬಾಗಿಲ ಬಳಿ ಪುಟ್ಟಿಯ ತಾಯಿ ಬಂದು ನಿಂತಿದ್ದರು.

“ಅದು ನನ್ನ ಮಗಳು,” ಎಂದರು.

ಫೋನಿನಲ್ಲಿ ಜಲ್ಲಿಯ ಮೇಲೆ ಅಣ್ಣನ ಹೆಜ್ಜೆ ಸರಸರನೆ ಸೀಟಿಯ ಕಡೆಗೆ ಹೋಗುವುದು ಕೇಳಿಸಿತು. ಆಮೇಲೆ ಸೀಟಿ ನಿಂತಿತು.